ಅರ್ಧಕ್ಕೆ ನಿಂತ ರಷ್ಯದ ಪುರಾಣ

ನನ್ನ ಗಂಟಲಿನ ಗಂಟನ್ನು ಮೊದಲು ಕಂಡುಹಿಡಿದದ್ದು ಡಾಕ್ಟರಲ್ಲ, ನಮ್ಮ ಅತ್ತೆ. ಅದೂ ನಾನು ಅವರಿಗೆ ರಷ್ಯದ ಹಳೆಯ ಕಾದಂಬರಿಯೊಂದನ್ನು ಓದಿ ಹೇಳುತ್ತಿದ್ದ ಹೊತ್ತಿನಲ್ಲಿ. ಓದುತ್ತ ಓದುತ್ತ ಬಾಯಾರಿ ನೀರಿನ ತಂಬಿಗೆ ಎತ್ತಿದೆ. ಅತ್ತೆ ಶೇಂಗಾ ಸುಲಿಯುವುದನ್ನು ಬಿಟ್ಟು ನನ್ನ ಕುತ್ತಿಗೆಯನ್ನೇ ನೋಡಿದರು.

"ಸುನಂದಾ, ಇನ್ನೊಮ್ಮೆ ನುಂಗ ನೋಡೂಣು."

"ಏನ್ ನುಂಗ್ಲಿರಿ ಅತ್ತಿ?"

"ನೀರ ನುಂಗವಾ. ನಿನ್ನ ಗಂಟಲದಾಗ ಏನೋ ಒಂದ ಮ್ಯಾಲ ಹೋಗಿ ಕೆಳಗ ಬರಾಕತ್ತೈತಿ. ಅಡಕಿ ಇಟ್ಟಂಗ ಕಾಣ್ತೈತಿ."

ನಾನು ನಕ್ಕುಬಿಟ್ಟೆ. ನನಗೆ ನೋವಿರಲಿಲ್ಲ, ಜ್ವರವಿರಲಿಲ್ಲ, ಊಟ ಭರ್ತಿ ಸೇರುತ್ತಿತ್ತು. ದಿನಾ ಕನ್ನಡಿ ನೋಡಿ ಕುಂಕುಮ ಹಚ್ಚಿಕೊಳ್ಳುವ ನನಗೆ ಕಾಣದ ಗಂಟು ಎಪ್ಪತ್ತು ದಾಟಿದ ಮುದುಕಿಗೆ ಕಂಡಿತೆಂದರೆ ಯಾರು ನಂಬುತ್ತಾರೆ! ಆದರೆ ಒಂದು ಮಾತು. ದಿನಾ ಮಧ್ಯಾಹ್ನ ಒಂದು ತಾಸು ನನ್ನ ಎದುರಿಗೆ ಕೂತು ನನ್ನ ಗಂಟಲನ್ನೇ ನೋಡುತ್ತ ಕತೆ ಕೇಳುವವರು ಈ ಜಗತ್ತಿನಲ್ಲಿ ಅವರೊಬ್ಬರೇ. ಆ ಕಾದಂಬರಿ ಇಲ್ಲದಿದ್ದರೆ ಆ ಗಂಟು ಅಲ್ಲೇ ಬೆಚ್ಚಗೆ ಕೂತು ಇನ್ನಷ್ಟು ಬೆಳೆಯುತ್ತಿತ್ತು.

ನಮ್ಮದು ಅಥಣಿ ತಾಲೂಕಿನ ಐಗಳಿ. ದ್ರಾಕ್ಷಿಯ ತೋಟ, ಮನೂಕ ಅಂದರೆ ಒಣದ್ರಾಕ್ಷಿ ಮಾಡುವ ಶೆಡ್ಡು, ನಾಲ್ಕು ಎಮ್ಮೆ, ಇಷ್ಟು ನಮ್ಮ ಪ್ರಪಂಚ. ನನ್ನ ತವರು ಚಿಕ್ಕೋಡಿ. ನಮ್ಮಪ್ಪ ಹೈಸ್ಕೂಲ್ ಮಾಸ್ತರ. ಅವರ ಕಾಲದಲ್ಲಿ ರಷ್ಯದ ಪುಸ್ತಕಗಳು ಕನ್ನಡದಲ್ಲಿ ಅಗ್ಗಕ್ಕೆ ಸಿಗುತ್ತಿದ್ದವು. ದಪ್ಪ ರಟ್ಟು, ಬಿಳಿ ಕಾಗದ, ಮೂಗಿಗೆ ಹಿಡಿದರೆ ಬೇರೆಯೇ ವಾಸನೆ. ಬೇರೆ ಹೆಣ್ಣುಮಕ್ಕಳು ತವರಿನಿಂದ ಹಂಡೆ ಕೊಡ ತಂದರೆ ನಾನು ಅವುಗಳ ಜೊತೆಗೆ ಒಂದು ಟ್ರಂಕು ರಷ್ಯ ತಂದೆ. ಮೊದಮೊದಲು ಅತ್ತೆಗೆ ಆ ಟ್ರಂಕು ಕಂಡರೆ ಆಗುತ್ತಿರಲಿಲ್ಲ. ಮಾವನವರು ತೀರಿಕೊಂಡ ವರ್ಷ, ಅವರ ಮನಸ್ಸು ಬೇರೆಡೆಗೆ ಹೊರಳಲಿ ಎಂದು ಒಂದು ದಿನ ಸುಮ್ಮನೆ ಓದಿ ಹೇಳಿದೆ. ಮರುದಿನ ಮಧ್ಯಾಹ್ನ ಅವರೇ ಚಾಪೆ ಹಾಸಿಕೊಂಡು ಕೂತಿದ್ದರು.

ಆ ಪುಸ್ತಕಗಳಲ್ಲಿ ಅತ್ತೆಗೆ ಏನು ಹಿಡಿಸಿತು ಎಂದು ನಾನು ಬಹಳ ಸಲ ಯೋಚಿಸಿದ್ದೇನೆ. ಅಲ್ಲಿಯ ಜನ ಚಹಾ ಕುಡಿಯುತ್ತ ದೇವರ ಬಗ್ಗೆ ಜಗಳಾಡುತ್ತಾರೆ. ನಾವು ಮಳೆ, ಕರೆಂಟಿನ ಬಗ್ಗೆ ಮಾತಾಡಿದ ಹಾಗೆ ಅವರು ಪಾಪ, ಪಶ್ಚಾತ್ತಾಪದ ಬಗ್ಗೆ ಮಾತಾಡುತ್ತಾರೆ. ಪಾಪ ಮಾಡುವುದೂ ದೊಡ್ಡ ದನಿಯಲ್ಲೇ, ಅಳುವುದೂ ದೊಡ್ಡ ದನಿಯಲ್ಲೇ. ಎಂಥ ಬಡವನ ಕೋಣೆಯಾದರೂ ಮೂಲೆಯಲ್ಲಿ ಯೇಸುವಿನದೋ ಅವನ ತಾಯಿಯದೋ ಒಂದು ಪಟ, ಅದರ ಮುಂದೆ ದೀಪ. "ಜಗಲಿ ಐತಲ್ಲ ಇವ್ರಿಗೂ!" ಎಂದು ಅತ್ತೆ ಮೊದಲ ದಿನವೇ ಖುಷಿಪಟ್ಟರು. ದೇವರ ಜಗಲಿ ಇದ್ದ ಮೇಲೆ ಆ ಮನೆ ಐಗಳಿಯಲ್ಲಿದ್ದರೇನು, ಹಿಮದಲ್ಲಿದ್ದರೇನು, ಅವರಿಗೆ ನೆಂಟರ ಮನೆಯೇ ಆಯಿತು.

ಗಂಟು ಸಿಕ್ಕಾಗ ನಾವು ಓದುತ್ತಿದ್ದ ಕಾದಂಬರಿ ಯಾವುದೆಂದು ಕೇಳಬೇಡಿ. ಅತ್ತೆ ಅದನ್ನು ಊರಿಗೆಲ್ಲ ಹೇಳಿ ಹೇಳಿ ತಮ್ಮದೇ ಮಾಡಿಕೊಂಡಿದ್ದಾರೆ. ನಾನು ಹೆಸರು ಹೇಳಿದರೆ ಮೂಲ ಓದಿದವರು ಕೋಲು ಹಿಡಿದು ಬರುತ್ತಾರೆ. ರಷ್ಯದ ಹೆಸರುಗಳು ಅವರ ನಾಲಿಗೆಗೆ ಹೊರಳುವುದಿಲ್ಲ, ಹಾಗಾಗಿ ನಾಯಕಿ 'ಗಿರಣಿ ಬಾಯಿ' ಆದಳು. ಹಿಟ್ಟಿನ ಗಿರಣಿಯವನ ವಿಧವೆ. ಗಂಡ ಸತ್ತ ಮೇಲೆ ಮೈದುನ ದೇವರ ಪಟ ಮುಟ್ಟಿ ಸುಳ್ಳು ಆಣೆ ಮಾಡಿ ಗಿರಣಿ ಕಸಿದುಕೊಂಡು ಅವಳನ್ನು ಹೊರಗೆ ಹಾಕುತ್ತಾನೆ. ಎಷ್ಟೋ ಚಳಿಗಾಲ ಕಳೆದ ಮೇಲೆ ಮೈದುನ ಹಾಸಿಗೆ ಹಿಡಿಯುತ್ತಾನೆ, ನೋಡುವವರಿಲ್ಲ. ಅವರಲ್ಲಿ ಒಂದು ಪದ್ಧತಿ ಉಂಟು. ಈಸ್ಟರಿಗೆ ಮೊದಲು ಬರುವ ದೊಡ್ಡ ಉಪವಾಸ ಹಿಡಿಯುವ ಮುನ್ನ ಎಲ್ಲರೂ ಎಲ್ಲರ ಕ್ಷಮೆ ಕೇಳುತ್ತಾರೆ. ಧಣಿ ಆಳಿಗೆ, ಅತ್ತೆ ಸೊಸೆಗೆ, ಹಿರಿಯರು ಕಿರಿಯರಿಗೆ ನೆಲಮುಟ್ಟಿ ಬಾಗುತ್ತಾರೆ. ಆ ದಿನ ಗಿರಣಿ ಬಾಯಿ ಹಿಮದಲ್ಲಿ ನಡೆದು ಬಂದು ಮೈದುನನ ಬಾಗಿಲ ಮುಂದೆ ನಿಲ್ಲುತ್ತಾಳೆ.

"ಇದು ನಮ್ಮ ದಸರಾದಾಗ ಬನ್ನಿ ಕೊಟ್ಟಂಗನ," ಅಂದಿದ್ದರು ಅತ್ತೆ. "ಖರೆ ನಮಗ ಬನ್ನಿ ಎಲಿಯರ ಕೈಯಾಗ ಇರ್ತೈತಿ. ಇವ್ರು ಬರಿಗೈಲೆ ಹೋಗ್ತಾರ. ಹಿರ್ಯಾರು ಸಣ್ಣವ್ರಿಗೆ ಬಗ್ಗೂದು ಅಂದ್ರೇನವಾ, ಇದ್ಯಾತರ ರೀತಿ!"

ಅಲ್ಲಿಗೆ, ಬಾಗಿಲ ಮುಂದೆ ಗಿರಣಿ ಬಾಯಿಯನ್ನು ನಿಲ್ಲಿಸಿ, ನನ್ನ ಓದು ನಿಂತಿತು. ಯಾಕೆಂದರೆ ಮರುದಿನ ನನ್ನ ಗಂಡ ಅಪ್ಪಾಸಾಹೇಬ ನನ್ನನ್ನು ಗಡಿಯಾಚೆ ಮಿರಜದ ಆಸ್ಪತ್ರೆಗೆ ಕರೆದುಕೊಂಡು ಹೋದರು. ಅಥಣಿ ಕಡೆಯವರಿಗೆ ದೊಡ್ಡ ರೋಗವೆಂದರೆ ಮಿರಜ, ಮಿರಜವೆಂದರೆ ದೊಡ್ಡ ರೋಗ. ಸೂಜಿ ಚುಚ್ಚಿ ನೋಡಿದರು. ರಿಪೋರ್ಟು ಬಂದ ದಿನ ಎಳೆ ವಯಸ್ಸಿನ ಡಾಕ್ಟರು ಅರ್ಧ ಮರಾಠಿ ಅರ್ಧ ಕನ್ನಡದಲ್ಲಿ, "ಬಾಯಿ, ಗಾಠ ಚಾಂಗಲಿ ನಾಹೀ. ಗಂಟು ಚಲೋದಲ್ಲ. ಖರೆ ಹೆದರಬ್ಯಾಡ್ರಿ, ತಗದ್ರ ಹೋಗ್ತೈತಿ," ಅಂದರು. ಕ್ಯಾನ್ಸರ್ ಅನ್ನುವ ಶಬ್ದ ಅವರ ಬಾಯಿಂದ ಬರಲಿಲ್ಲ. ನಾನೇ ಅಂದೆ. ಅಪ್ಪಾಸಾಹೇಬರು ಮೇಜಿನ ಮೇಲಿದ್ದ ಪೇಪರ್ ವೇಟನ್ನು ಎತ್ತಿ ಇಟ್ಟು ಎತ್ತಿ ಇಟ್ಟು ಮಾಡುತ್ತಿದ್ದರು. ಡಾಕ್ಟರು ಅದನ್ನು ಮೆಲ್ಲಗೆ ಅವರ ಕೈಯಿಂದ ತೆಗೆದುಕೊಂಡರು.

"ಜೀವಕ್ಕ ಧೋಕಾ ಇಲ್ಲ," ಅಂದರು ಡಾಕ್ಟರು. "ಒಂದ ಮಾತ ಮೊದಲ ಹೇಳಿಬಿಡ್ತೀನಿ. ದನಿ ಹೊರಡಸೂ ನರ ಗಂಟಿಗೆ ಹತ್ತಿಕೊಂಡ ಐತಿ. ಜ್ವಾಕಿಲೆ ಮಾಡ್ತೀವಿ. ಅಕಸ್ಮಾತ್ ಅದಕ್ಕ ಪೆಟ್ಟ ಆತಂದ್ರ ದನಿ ಹೋಗಬಹುದು."

ಜೀವ ಉಳಿಯುತ್ತದೆ ಎಂದದ್ದು ಕೇಳಿ ಗಂಡನಿಗೆ ಉಸಿರು ಬಂತು. ನನಗೆ ಉಸಿರು ಹೋಯಿತು. ನನ್ನನ್ನು ಬಲ್ಲವರಿಗೆ ಗೊತ್ತು, ನಾನು ನಿದ್ದೆಯಲ್ಲೂ ಮಾತಾಡುವವಳು. ಎಮ್ಮೆಗೆ ಬೈಯುವುದು, ತೋಟದ ಆ ತುದಿಯಲ್ಲಿದ್ದ ಆಳುಗಳನ್ನು ಈ ತುದಿಯಿಂದ ಊಟಕ್ಕೆ ಕರೆಯುವುದು, ಪುಸ್ತಕ ಓದುವುದು, ಸಂಪ್ರದಾಯದ ಹಾಡು ಹೇಳುವುದು, ಎಲ್ಲ ಈ ಗಂಟಲಿನಿಂದ. ದನಿ ಇಲ್ಲದ ಸುನಂದಾ ಎಂದರೆ ಯಾರು? ನನಗೆ ಅವಳ ಪರಿಚಯವೇ ಇರಲಿಲ್ಲ.

ಮನೆಗೆ ಬಂದು ಅತ್ತೆಗೆ ಹೇಳಿದಾಗ ಅವರು ಅಳಲಿಲ್ಲ. ಸಿಟ್ಟಿಗೆದ್ದರು. "ಅಲ್ಲಬೇ, ಪುರಾಣ ಹಚ್ಚಿ ನಡಬರಕ ಬಿಟ್ಟೀವಲ್ಲ!" ಅಂದರು.

ಇದನ್ನು ಬಿಡಿಸಿ ಹೇಳಬೇಕು. ನಮ್ಮ ಕಡೆ ಶ್ರಾವಣದಲ್ಲಿ ಗುಡಿಯಲ್ಲಿ ಪುರಾಣ ಹಚ್ಚುತ್ತಾರೆ. ಒಬ್ಬರು ಓದುತ್ತಾರೆ, ಊರು ಕೇಳುತ್ತದೆ. ಹಚ್ಚಿದ ಪುರಾಣ ಅರ್ಧಕ್ಕೆ ನಿಲ್ಲಿಸುವಂತಿಲ್ಲ. ಕಡೆಯ ದಿನ ಕಾಯಿ ಒಡೆದು, ಆರತಿ ಎತ್ತಿ, ಹುಗ್ಗಿ ಮಾಡಿ ಉಣಿಸಿ 'ಮಂಗಲ' ಮಾಡಿದರೇ ಅದು ಮುಗಿದಂತೆ. ನಡುವೆ ನಿಂತರೆ ಓದಿದವರಿಗೂ ಕೇಳಿದವರಿಗೂ ಒಳ್ಳೆಯದಲ್ಲ ಎಂಬ ನಂಬಿಕೆ. ಅತ್ತೆ ನನ್ನ ಕಾದಂಬರಿಗೂ ಇದೇ ಕಾಯಿದೆ ಹಚ್ಚಿದ್ದರು. ಓದು ಶುರುಮಾಡಿದ ದಿನ ಪುಸ್ತಕಕ್ಕೆ ಕುಂಕುಮ ಏರಿಸಿದ್ದು ನನಗೆ ಆಗ ತಮಾಷೆಯಾಗಿತ್ತು.

"ಅದು ಕಾದಂಬರಿರಿ ಅತ್ತಿ, ಪುರಾಣ ಅಲ್ಲ," ಅಂದೆ.

"ದೇವ್ರ ಹೆಸರ ಬಂತಲ್ಲ ಅದರಾಗ? ಪಾಪ ಪುಣ್ಯ ಬಂತಲ್ಲ? ಮತ್ತೇನ ಕೋಡ ಇರ್ತಾವ ಪುರಾಣಕ್ಕ?"

"ಹಂಗಾರ ನಿಮ್ಮ ಮಗ ಓದಿ ಮುಗಸ್ಲಿ."

ಅಪ್ಪಾಸಾಹೇಬರು ಪಾಪ, ಪುಸ್ತಕ ಹಿಡಿದು ಕೂತರು. ಅವರು ಓದಿದ್ದು ಔಷಧಿ ಡಬ್ಬಿಯ ಮೇಲಿನ ಸೂಚನೆ ಓದಿದ ಹಾಗಿತ್ತು. ಅರ್ಧ ಪುಟಕ್ಕೇ ಅತ್ತೆ ಕೈ ಎತ್ತಿದರು. "ಸಾಕಪಾ ನಿಂದ್ರು. ಆ ಬಾಯಿ ಥಂಡ್ಯಾಗ ನಿಂತ ಸಾಯಾಕತ್ತಾಳ, ನೀ ದ್ರಾಕ್ಷಿಗೆ ಹುಳದ ಎಣ್ಣಿ ಹೊಡದಂಗ ಓದ್ತೀ. ಹಚ್ಚಿದಾಕಿನ ಮುಗಸಬೇಕು. ಅಕಿ ದನಿ ಎಲ್ಲೂ ಹೋಗೂದಿಲ್ಲ. ಹೋದ್ರೂ ಹೊಳ್ಳಿ ಬರ್ತೈತಿ. ಅಲ್ಲೀಮಟ ಗಿರಣಿ ಬಾಯಿ ನಿಂದ್ರಲಿ."

ಹೀಗೆ ಗಿರಣಿ ಬಾಯಿ ಹಿಮದಲ್ಲಿ ನಿಂತೇ ಇದ್ದಳು, ನಾವು ಆಸ್ಪತ್ರೆ ಸೇರಲು ಮಿರಜಕ್ಕೆ ಹೊರಟೆವು.

ಆಸ್ಪತ್ರೆಯ ಕಾಯುವ ಕೋಣೆ ಹೇಗಿರುತ್ತದೆಂದು ನಿಮಗೆ ಗೊತ್ತು. ಬೆಂಚಿನ ತುಂಬ ಮಂದಿ, ಮಡಿಲಲ್ಲಿ ಫೈಲು, ಎಲ್ಲರ ಕಣ್ಣೂ ಒಂದೇ ಬಾಗಿಲ ಮೇಲೆ. ಯಾರಿಗೂ ಮಾತು ಬೇಡ. ಅತ್ತೆಗೆ ಆ ಮೌನ ಸಹಿಸಲಾಗಲಿಲ್ಲ. ಪಕ್ಕದಲ್ಲಿದ್ದ ಕಾಗವಾಡದ ಹೆಣ್ಣುಮಗಳಿಗೆ ಗಿರಣಿ ಬಾಯಿಯ ಕತೆ ಶುರುಮಾಡಿದರು. ಸ್ವಲ್ಪ ಹೊತ್ತಿಗೆ ಹಿಂದಿನ ಬೆಂಚಿನವರು ತಿರುಗಿ ಕೂತರು. ಮರಾಠಿಯವರಿಗೆ ತಿಳಿಯಲೆಂದು ನಡುನಡುವೆ ಮರಾಠಿ ಬೇರೆ! ನಾನು ಓದಿದ ಪುಸ್ತಕದಲ್ಲಿ ಮೈದುನನಿಗೆ ಒಂದು ಕುದುರೆ ಇತ್ತು, ಅತ್ತೆಯ ಬಾಯಲ್ಲಿ ಅದು ಟ್ರ್ಯಾಕ್ಟರ್ ಆಯಿತು. ಆದರೆ ಸುಳ್ಳು ಆಣೆಯ ಜಾಗಕ್ಕೆ ಬಂದಾಗ ಯಾರೋ 'ಅಯ್ಯಯ್ಯ' ಅಂದರು. ಬಾಗಿಲ ಮುಂದೆ ನಿಂತ ಜಾಗಕ್ಕೆ ಬಂದಾಗ ಅತ್ತೆ ಬಾಯಿ ಮುಚ್ಚಿದರು.

"ಮುಂದ?" ಅಂದಳು ಕಾಗವಾಡದವಳು.

"ಮುಂದಿಂದ ನಮ್ಮ ಸೊಸಿ ಗಂಟಲದಾಗ ಐತಿ. ಆಪರೇಶನ್ ಆಗ್ಲಿ, ಗೊತ್ತಾಗತೈತಿ."

"ನಾ ಆಗಿದ್ರ ಅಂವನ ಬಾಗಲಕ್ಕ ಹೊರಗಿಂದ ಕೀಲಿ ಹಾಕಿ ಬರ್ತಿದ್ದೆ ನೋಡ್ರಿ," ಅಂದಳು ಆಕೆ. ಇನ್ನೊಬ್ಬಳು, "ಬ್ಯಾಡ ತಂಗಿ, ಹಾಸಿಗಿ ಹಿಡದವನ ಮ್ಯಾಲ ಏನ್ ಸಿಟ್ಟ," ಅಂದಳು. ಎರಡು ಪಂಗಡವಾಗಿ ವಾದ ಎದ್ದಿತು. ನನ್ನ ಹೆಸರು ಕೂಗಿದ್ದು ಯಾರಿಗೂ ಕೇಳಲಿಲ್ಲ, ನರ್ಸು ಹೊರಗೆ ಬಂದು ಹುಡುಕಬೇಕಾಯಿತು. ಹೆದರಿಕೆಯಿಂದ ಸಾಯಬೇಕಾದ ಆ ಗಳಿಗೆಯಲ್ಲಿ ನಾನು ನಗುತ್ತ ಒಳಗೆ ಹೋದೆ, ಇದು ದೇವರಾಣೆಗೂ ಸತ್ಯ.

ಆ ನರ್ಸು ರತ್ನಮಾಲಾ ಸಿಸ್ಟರ್. ಮಿರಜದವರೇ, ಮನೆಮಾತು ಮರಾಠಿ, ಕ್ರಿಶ್ಚನ್ನರು. ಕ್ರಿಶ್ಚನ್ನರಿಗೆ ರತ್ನಮಾಲಾ ಎಂದು ಹೆಸರಿರುವುದು ಅತ್ತೆಗೆ ದೊಡ್ಡ ಸೋಜಿಗ. ಆಪರೇಶನ್ನಿನ ಹಿಂದಿನ ಸಂಜೆ ಅವರು ನನ್ನ ಬಿಪಿ ನೋಡಿ ಹಣೆಯ ಮೇಲೆ ಕೈಯಿಟ್ಟು ಕಣ್ಣು ಮುಚ್ಚಿ ಏನೋ ಅಂದುಕೊಂಡರು. ಅತ್ತೆ ಅದನ್ನು ನೋಡಿಯೇ ನೋಡಿದರು.

"ಸಿಸ್ಟರ್, ರಶ್ಯಾದವ್ರ ದೇವ್ರೂ ನಿಮ್ಮ ದೇವ್ರೂ ಒಂದೇನ್ರಿ?"

"ಹೋ ಆಜಿ, ಒಂದೇ. ಪೂಜಾ ಮಾಡೂ ರೀತಿ ಬ್ಯಾರೆ. ಯಾಕ?"

"ಇಕಿ ದನಿಗೆಂತ ಕೊಕಟನೂರ ಯಲ್ಲವ್ವಗ ಸೀರಿ ಉಡಸ್ತೀನಿ ಅಂತ ಬೇಡ್ಕೊಂಡೇನ್ರಿ. ಆ ಪುರಾಣ ನಿಮ್ಮ ದೇವ್ರದು. ಅರ್ಧಕ್ಕ ನಿಂತೈತಿ. ಅಂವಗೂ ಏನರ ಕೊಡಬೇಕಲ್ಲ. ಏನ್ ಕೊಟ್ರ ನಡೀತೈತಿ?"

ಸಿಸ್ಟರ್ ನಗಲಿಲ್ಲ. ಕತೆ ಕೇಳಿದರು, ಬಾಗಿಲಲ್ಲಿ ನಿಂತ ಗಿರಣಿ ಬಾಯಿಯವರೆಗೆ ಪೂರ್ತಿ. ಆಮೇಲೆ, "ಆಜಿ, ನಮ್ಮ ದೇವ್ರಿಗೆ ಸೀರಿ ಬ್ಯಾಡ, ನಾರಳ ಕಾಯಿ ಬ್ಯಾಡ. ನಿಮಗ ಯಾರ ಮ್ಯಾಲರ ಸಿಟ್ಟ ಇದ್ರ ಅದನ್ನ ಕೊಟ್ಟಬಿಡ್ರಿ," ಅಂದರು.

ಅತ್ತೆ ಸೆರಗಿನ ಗಂಟು ಬಿಚ್ಚಿ ಮತ್ತೆ ಕಟ್ಟಿದರು. "ಅದು ಭಾಳ ತುಟ್ಟಿ ಆತಲ್ಲ ಸಿಸ್ಟರ್," ಅಂದರು ಕಡೆಗೆ.

ಅದು ಯಾಕೆ ತುಟ್ಟಿ ಎಂದು ನನಗೆ ಗೊತ್ತಿತ್ತು. ನಮ್ಮ ಮನೆಗೆ ಗೋಡೆ ಹಚ್ಚಿ ಕಲ್ಲವ್ವನ ಮನೆ. ಮಾವನವರ ತಮ್ಮನ ಹೆಂಡತಿ, ಅತ್ತೆಗೆ ನೆಗೆಣ್ಣಿ, ವಯಸ್ಸಿನಲ್ಲಿ ಚಿಕ್ಕವರು. ನನಗೆ ಸಣ್ಣತ್ತೆ. ಮಾವ ತೀರಿಕೊಂಡಾಗ ನಮ್ಮ ಮನೆಯಲ್ಲಿ ಒಲೆ ಹಚ್ಚುವಂತಿರಲಿಲ್ಲ, ಬೀಗರು ಬಿಜ್ಜರು ಬುತ್ತಿ ತಂದು ಉಣಿಸಿದರು. ಒಂದೇ ಗೋಡೆಯ ಕಲ್ಲವ್ವನ ಮನೆಯಿಂದ ಬುತ್ತಿ ಬರಲಿಲ್ಲ. ಅಂದಿನಿಂದ ಇಬ್ಬರಿಗೂ ಮಾತಿಲ್ಲ. ಬಾವಿಕಟ್ಟೆಯಲ್ಲಿ ಎದುರಾದರೆ ಒಬ್ಬರು ಆಕಾಶ ನೋಡುತ್ತಿದ್ದರು, ಇನ್ನೊಬ್ಬರು ಎಮ್ಮೆ ನೋಡುತ್ತಿದ್ದರು.

ಆಪರೇಶನ್ ಆಯಿತು. ಎಚ್ಚರವಾದಾಗ ಕುತ್ತಿಗೆಗೆ ಪಟ್ಟಿ, ಪಕ್ಕದಲ್ಲಿ ಅತ್ತೆ, ಕಾಲ ಹತ್ತಿರ ಗಂಡ. ಥೈರಾಯ್ಡ್ ಗ್ರಂಥಿಯ ಸಮೇತ ಗಂಟು ಪೂರ್ತಿ ಬಂದಿದೆ ಎಂದರು. ನಾನು 'ನೀರು' ಅಂದೆ. ಅಂದೆ ಎಂದುಕೊಂಡೆ. ಗಾಳಿ ಬಂತು, ಶಬ್ದ ಬರಲಿಲ್ಲ. ಇನ್ನೊಮ್ಮೆ ಅಂದೆ. ಮತ್ತೆ ಗಾಳಿ. ಅಪ್ಪಾಸಾಹೇಬರು ತಟ್ಟನೆ ಎದ್ದು ಕಿಟಕಿಯ ಕಡೆ ಮುಖ ಮಾಡಿದರು. ಆ ಮನುಷ್ಯನ ಹೆಗಲು ಅಲುಗುವುದನ್ನು ನಾನು ಅವತ್ತೇ ಮೊದಲು ನೋಡಿದ್ದು.

ನರ ಕತ್ತರಿಸಿಲ್ಲ, ಅಲುಗಾಡಿ ದಣಿದಿದೆ, ಕೆಲವು ತಿಂಗಳಲ್ಲಿ ಬರಬಹುದು, ಬರದೆಯೂ ಇರಬಹುದು, ಎಂದರು ಡಾಕ್ಟರು. ಈ 'ಬಹುದು' ಇದೆಯಲ್ಲ, ಅದನ್ನು ನುಂಗುವುದು ಎಲ್ಲ ಗುಳಿಗೆಗಳಿಗಿಂತ ಕಷ್ಟ.

ಮನೆಗೆ ಬಂದೆ. ಮಾತಿಗೆ ಬದಲು ಚಪ್ಪಾಳೆ, ಸ್ಟೀಲ್ ತಾಟಿನ ಮೇಲೆ ಸೌಟು. ಎಮ್ಮೆಗಳು ನನ್ನ ಮಾತು ಕೇಳುವುದನ್ನು ಬಿಟ್ಟವು. "ನಾಕ ದಿನ ಮನಿ ತಣ್ಣಗ ಐತಿ, ಅನುಭವಿಸ್ತೀನಿ," ಎಂದು ಗಂಡ ಚೇಷ್ಟೆ ಮಾಡುತ್ತಿದ್ದರು. ನಾನು ಸೌಟು ತೋರಿಸುತ್ತಿದ್ದೆ. ಹಗಲೆಲ್ಲ ಹೀಗೆ ನಗೆಯಲ್ಲಿ ಕಳೆಯುತ್ತಿತ್ತು. ಆದರೆ ದಿನಾ ಮಧ್ಯಾಹ್ನ ಆ ಓದುವ ಹೊತ್ತು ಬರುತ್ತಿತ್ತು. ಅತ್ತೆ ಚಾಪೆ ಹಾಸಿ ಕೂಡುತ್ತಿದ್ದರು, ಕೇಳುತ್ತಿರಲಿಲ್ಲ, ಸುಮ್ಮನೆ ಕೂಡುತ್ತಿದ್ದರು. ನಾನು ಪುಸ್ತಕ ತೆರೆದು ತುಟಿ ಅಲುಗಿಸಿ ನೋಡುತ್ತಿದ್ದೆ. ಬರೀ ಗಾಳಿ. ಆಗ ನನಗೆ ಅಳು ಬರುತ್ತಿತ್ತು, ಅಳುವಿಗೂ ಶಬ್ದವಿರಲಿಲ್ಲ.

ಒಂದು ವಿಷಯ ಹೇಳಬೇಕು, ನನ್ನ ಹಾಗೆ ಹಾಸಿಗೆಯಲ್ಲಿ ಕೂತು ಇದನ್ನು ಓದುವವರು ಯಾರಾದರೂ ಇದ್ದರೆ ಅವರಿಗಾಗಿ. 'ನನಗೇ ಯಾಕೆ' ಎಂದು ನಾನು ಕೇಳಿಕೊಂಡೆ. ರಷ್ಯದ ಆ ಪುಸ್ತಕಗಳಲ್ಲಿಯೂ ಎಲ್ಲರೂ ಅದನ್ನೇ ಕೇಳುತ್ತಾರೆ, ದೇವರ ಮೇಲೆ ಕೂಗಾಡುತ್ತಾರೆ. ದೇವರು ಬಂದು ಉತ್ತರ ಹೇಳಿದ್ದನ್ನು ನಾನು ಒಂದರಲ್ಲೂ ಓದಿಲ್ಲ. ಆದರೆ ಅಷ್ಟರಲ್ಲಿ ಯಾರೋ ಒಬ್ಬರು ಬಾಗಿಲು ತೆರೆದು ಒಳಗೆ ಬಂದು ಚಹಾ ಮಾಡಿಕೊಡುತ್ತಾರೆ, ಕಂಬಳಿ ಹೊದಿಸುತ್ತಾರೆ. ಮೊದಲು ಓದುವಾಗ ಇದು ಉತ್ತರ ಸಿಗದವರ ಸಮಾಧಾನ ಅನಿಸುತ್ತಿತ್ತು. ಅತ್ತೆ ಮಾತಿಲ್ಲದೆ ಎದುರು ಬಂದು ಕೂಡುತ್ತಿದ್ದ ಆ ಮಧ್ಯಾಹ್ನಗಳಲ್ಲಿ, ಇದೇ ಉತ್ತರ ಇದ್ದರೂ ಇರಬಹುದು ಅನಿಸಿತು. ನಾನು ಮತ ಬದಲಿಸಲಿಲ್ಲ, ಯಲ್ಲವ್ವನನ್ನು ಬಿಡಲಿಲ್ಲ. ಆದರೆ ಆ ಬಡವರ ಕೋಣೆಯ ಮೂಲೆಯಲ್ಲಿ ದೀಪದ ಹಿಂದಿದ್ದ ದೇವರು ನನಗೂ ಗುರುತಿನವನಾದ.

ಒಂದು ದಿನ ಅತ್ತೆ ಊಟವಾದ ಮೇಲೆ ಚಾಪೆ ಹಾಸಲಿಲ್ಲ. ಹೊಸ ಇಳಕಲ್ ಸೀರೆ ಉಟ್ಟುಕೊಂಡು ಬಂದರು.

"ನಡಿ, ಕಲ್ಲವ್ವನ ಮನಿಗೆ ಹೋಗೂಣು."

ನಾನು ಕಣ್ಣರಳಿಸಿದೆ.

"ಯಲ್ಲವ್ವನ ಸೀರಿ ತಂದ ಇಟ್ಟೇನಿ. ಆ ದೇವ್ರ ಬಾಕಿ ಅಷ್ಟ ಉಳದೈತಿ. ಸಿಸ್ಟರ್ ಹೇಳ್ಯಾಳಲ್ಲ. ನಿನ್ನ ದನಿ ಮುಂದ ನನ್ನ ಸಿಟ್ಟ ಹೆಚ್ಚಿಂದೇನಲ್ಲ." ಹಾಗೆಂದರೂ ಅವರ ಮುಖ ಬೇವು ತಿಂದವರ ಹಾಗಿತ್ತು.

ಕಲ್ಲವ್ವ ಅಂಗಳದಲ್ಲಿ ಮನೂಕದ ಕಡ್ಡಿ ಆರಿಸುತ್ತ ಕೂತಿದ್ದರು. ನಮ್ಮನ್ನು ಕಂಡು ಮೊರ ಕೆಳಗಿಟ್ಟು ಎದ್ದು ನಿಂತರು. ಜಗಳಕ್ಕೇ ಬಂದಿದ್ದೇವೆ ಅಂದುಕೊಂಡಿರಬೇಕು, ಸೆರಗು ಸೊಂಟಕ್ಕೆ ಸಿಕ್ಕಿಸಿದರು. ಅತ್ತೆ ಒಂದೂ ಮಾತಾಡದೆ ನಡೆದು ಹೋಗಿ, ಮೊಣಕಾಲು ಹಿಡಿದುಕೊಂಡು 'ಅಯ್ಯೋ ಎವ್ವಾ' ಎನ್ನುತ್ತ ಕೆಳಗೆ ಕೂತು, ಹಣೆಯನ್ನು ನೆಲಕ್ಕೆ ಹಚ್ಚಿದರು.

"ಕಲ್ಲವ್ವಾ, ನನ್ನ ತಪ್ಪೇನರ ಇದ್ರ ಹೊಟ್ಟ್ಯಾಗ ಹಾಕ್ಕೊ."

ಹಿರಿಯ ನೆಗೆಣ್ಣಿ ಕಿರಿಯ ನೆಗೆಣ್ಣಿಯ ಕಾಲಿಗೆ ಬೀಳುವುದನ್ನು ಐಗಳಿಯಲ್ಲಿ ಯಾರೂ ಕಂಡಿಲ್ಲ. ಕಲ್ಲವ್ವ ಬೆಂಕಿ ತುಳಿದವರಂತೆ ಹಿಂದಕ್ಕೆ ಹಾರಿದರು.

"ಎವ್ವಾ! ಏಳ ಅಕ್ಕಾ ಏಳ! ಹಿರ್ಯಾಕಿ ಆಗಿ ನನ್ನ ಕಾಲ ಬೀಳ್ತೀ? ನನ್ನ ಆಯುಷ್ಯ ಕಡಿಮಿ ಮಾಡಾಕ ಬಂದೀ ಏನ? ಸಿಟ್ಟಿದ್ರ ಎರಡ ಬೈದ ಹೋಗಬೇ, ಈ ಪಾಪ ಯಾಕ ಹತ್ತಸ್ತಿ!"

"ರಶ್ಯಾದಾಗ ಹಿಂಗನ ಮಾಡ್ತಾರ. ಸುಮ್ಮ ನಿಂದ್ರ. 'ದೇವ್ರ ಕ್ಷಮಾ ಮಾಡ್ತಾನ' ಅನಬೇಕ ನೀ. ಅನ್ನ ಲಗೂನ, ನನ್ನ ಮೊಣಕಾಲ ಹೋಗಾಕತ್ತಾವ."

"ನಾ ಅನ್ನಂಗಿಲ್ಲ! ನೀನ ಅನ್ನ!" ಎನ್ನುತ್ತ ಪಾಪ ಕಳೆದುಕೊಳ್ಳಲು ಕಲ್ಲವ್ವನೂ ದಡಕ್ಕನೆ ಅತ್ತೆಯ ಎದುರಿಗೆ ಅಡ್ಡಬಿದ್ದರು. ಹಣೆಗೆ ಹಣೆ ಬಡಿಯಿತು. ಇಬ್ಬರೂ 'ಹಾ' ಅಂದರು. ಇಬ್ಬರಿಗೂ ಮೊಣಕಾಲು ನೋವು, ಇಬ್ಬರಿಗೂ ಏಳಲು ಬರಲಿಲ್ಲ. ಒಬ್ಬರ ಭುಜ ಒಬ್ಬರು ಹಿಡಿದು ಎಬ್ಬಿಸಲು ನೋಡಿ ಮತ್ತೆ ಜೊತೆಯಾಗಿ ಕೂತರು, ಚೆಲ್ಲಿದ ಮನೂಕದ ನಡುವೆ.

ನಾನು ನಕ್ಕೆ. ಹೊಟ್ಟೆ ಹಿಡಿದುಕೊಂಡು ನಕ್ಕೆ. ಆಗ ನನ್ನ ಗಂಟಲಿನಿಂದ ಒಂದು ಶಬ್ದ ಹೊರಬಿತ್ತು. ತುಕ್ಕು ಹಿಡಿದ ಕೀಲಿ ತಿರುಗಿದಂಥ ಶಬ್ದ.

"ಅತ್ತಿ," ಅಂದೆ. ಒಡಕು ದನಿ, ಪಿಸುಮಾತಿಗಿಂತ ಚೂರು ಮೇಲೆ. ಆದರೆ ದನಿ. ನನ್ನದು!

ಅತ್ತೆ ಅಲ್ಲೇ ನೆಲದ ಮೇಲೆ ಕೂತು ಅಷ್ಟು ದಿನ ಅಳದ ಅಳುವನ್ನೆಲ್ಲ ಅತ್ತರು. ನಾನೂ ಅವರನ್ನು ಹಿಡಿದುಕೊಂಡು ಅತ್ತೆ, ಶಬ್ದ ಮಾಡಿ ಅತ್ತೆ, ಅದರ ಸುಖ ಹೇಳತೀರದು. ಕಲ್ಲವ್ವ ನಮ್ಮಿಬ್ಬರನ್ನೂ ನೋಡಿದರು, ಸೆರಗಿನಿಂದ ಮೂಗು ಒರೆಸಿಕೊಂಡರು, ಆಮೇಲೆ ಕೇಳಿದರು:

"ಅದಿರ್ಲಿ ಸುನಂದಾ, ಆ ಗಿರಣಿ ಬಾಯಿ ಮೈದನನ ಮನ್ಯಾಗ ಹ್ವಾದ್ಲೋ ಇಲ್ಲೋ?"

ಅತ್ತೆಯ ಅಳು ಅರ್ಧಕ್ಕೆ ನಿಂತಿತು. "ನಿನಗೆಂಗ ಗೊತ್ತ ಗಿರಣಿ ಬಾಯಿ?"

"ಗ್ವಾಡಿ ಒಂದಲ್ಲೇನ ಅಕ್ಕಾ? ಇಕಿ ದನಿ ಮೊದಲ ನಗಾರಿ ಇದ್ದಂಗ ಇತ್ತು. ನಾನೂ ಈ ಕಡೆ ಚಾಪಿ ಹಾಸ್ಕೊಂಡ ಕುಂಡ್ರತಿದ್ದೆ. ಮೊದಲನೇ ಪುಸ್ತಕದಿಂದ ಕೇಳೇನಿ. ಒಮ್ಮಿಗ್ಲೆ ದನಿ ನಿಂತಬಿಡ್ತು. ಅಕಿ ಏನಾದ್ಲು, ಇಕಿ ಏನಾದ್ಲು ಅಂತ ನನಗ ನಿದ್ದಿ ಇಲ್ಲ. ಕೇಳೂದು ಯಾರನ್ನ?"

ಮುಂದಿನ ತಪಾಸಣೆಗೆ ಮಿರಜಕ್ಕೆ ಹೋದಾಗ ಡಾಕ್ಟರು ನಳಿಕೆ ಇಳಿಸಿ ನೋಡಿದರು. ನರ ಅರ್ಧ ಎದ್ದಿದೆ, ಇನ್ನರ್ಧ ಇನ್ನೂ ತೂಕಡಿಸುತ್ತಿದೆ. ದನಿ ಇಷ್ಟು ಬಂದಿದೆ, ಇನ್ನೂ ಸ್ವಲ್ಪ ಬಂದೀತು, ಮೊದಲಿನ ಜೋರು ಮಾತ್ರ ಬರಲಿಕ್ಕಿಲ್ಲ ಎಂದರು. ನರ ತಾನಾಗಿಯೇ ಎದ್ದಿತು ಎಂದು ಡಾಕ್ಟರು. ಯಲ್ಲವ್ವ ಎಬ್ಬಿಸಿದಳು ಎಂದು ಅತ್ತೆ. ರತ್ನಮಾಲಾ ಸಿಸ್ಟರ್ ಏನೂ ಹೇಳಲಿಲ್ಲ, ಅತ್ತೆಯ ಹಣೆಯ ಮೇಲಿನ ಬುಗುಟು ಸವರಿ ನಕ್ಕರು. ನಾನು ಮೂವರಿಗೂ ಶರಣು ಅಂದೆ. ಗುಳಿಗೆ ಮಾತ್ರ ಜೀವನಪೂರ್ತಿ ದಿನಾ ಬೆಳಿಗ್ಗೆ ಒಂದು. ಇರಲಿ, ಹಲ್ಲುಜ್ಜುವುದೂ ಜೀವನಪೂರ್ತಿಯೇ ಅಲ್ಲವೇ.

ಮನೂಕದ ಕೆಲಸ ಮುಗಿದ ಮೇಲೆ ಗಿರಣಿ ಬಾಯಿಯನ್ನು ಹಿಮದಿಂದ ಒಳಗೆ ಕರೆದುಕೊಂಡೆವು. ಸ್ವಲ್ಪ ಓದುವುದು, ನೀರು ಕುಡಿಯುವುದು, ಮತ್ತೆ ಸ್ವಲ್ಪ. ಕಲ್ಲವ್ವ ದಿನಾ ತಮ್ಮ ಚಾಪೆ ಎತ್ತಿಕೊಂಡು ನಮ್ಮ ಪಡಸಾಲೆಗೇ ಬಂದರು. ಕಡೆಯ ದಿನ ಗಂಡ ತೋಟ ಬಿಟ್ಟು ಬಂದು ಕೂತರು, ಓದು ಬರದವರ ಹಾಗೆ ಬಾಯಿ ತೆರೆದುಕೊಂಡು ಕೇಳಿದರು. ಆ ಪುಸ್ತಕದಲ್ಲಿ ಗಿರಣಿ ಬಾಯಿ 'ಕ್ಷಮಿಸಿದೆ' ಎಂದು ಎಲ್ಲಿಯೂ ಹೇಳುವುದಿಲ್ಲ. ಒಳಗೆ ಹೋಗುತ್ತಾಳೆ. ಮೈದುನ ಗೋಡೆಯ ಕಡೆ ಮುಖ ಮಾಡಿ ಮಲಗಿದ್ದಾನೆ, ಮನೆ ಕೊರೆಯುತ್ತಿದೆ. ಅವಳು ಕೈಗವಸು ತೆಗೆದಿಟ್ಟು, ಕಟ್ಟಿಗೆ ಒಟ್ಟಿ, ಅವನ ಆರಿಹೋದ ಒಲೆ ಹಚ್ಚುತ್ತಾಳೆ. ಅಷ್ಟೇ.

ಕಲ್ಲವ್ವ ಚಾಪೆಯ ಎಳೆ ಕೀಳುತ್ತಿದ್ದರು.

"ಅಕ್ಕಾ, ಭಾವನೋರ ಹ್ವಾದಾಗ ನಾ ಬುತ್ತಿ ತಂದಿದ್ದೆ," ಅಂದರು. "ಬಾಗಲದಾಗ ಬಂದ್ರ ನಿನ್ನ ತವರಮನಿಯವ್ರು ಎಲಿ ಹಾಕಿ ನೀಡಾಕತ್ತಿದ್ರು. ಭಾರಿ ಭಾರಿ ಅಡಗಿ. ನಂದು ಬರೇ ರೊಟ್ಟಿ, ಪುಂಡಿ ಪಲ್ಯ. ನಾಚಿಕಿ ಆತು. ಹೊಳ್ಳಿ ಹ್ವಾದೆ."

ಅತ್ತೆ ಅವರ ಕೈಯಿಂದ ಚಾಪೆಯ ಎಳೆ ಬಿಡಿಸಿದರು. "ಹುಚ್ಚಿ," ಅಂದರು. "ಆವತ್ತ ನನಗ ಆ ರೊಟ್ಟಿನ ಬೇಕಾಗಿದ್ವಲ್ಲಬ."

ಕಾಯಿ ಒಡೆದೆವು. ಅತ್ತೆ ಪುಸ್ತಕಕ್ಕೆ ಆರತಿ ಎತ್ತಿದರು, ಕಲ್ಲವ್ವ ಹಾಡು ಹೇಳಿದರು. ಗೋಧಿ ಹುಗ್ಗಿಯನ್ನು ಇಬ್ಬರೂ ಕೂಡಿಯೇ ಮಾಡಿದ್ದರು, ಬೆಲ್ಲ ಇಬ್ಬರೂ ಹಾಕಿದ್ದರಿಂದ ಗಂಟಲು ಹಿಡಿಯುವಷ್ಟು ಸಿಹಿಯಾಗಿತ್ತು. ಮೈದುನನ ಕುದುರೆಯ ಗತಿ ಏನಾಯಿತೆಂದು ಗಂಡ ಕೇಳಿದರು. ಹುಗ್ಗಿ ಬಡಿಸುತ್ತ ನನಗೆ ಮತ್ತೆ ಅದೇ ಕೊರಗು ಬಂತು. ಕಡೆಯ ಪುಟದಲ್ಲಿ ದನಿ ಎರಡು ಸಲ ಒಡೆದಿತ್ತು.

"ಸಣ್ಣತ್ತಿ, ನಿಮಗ ಎಲ್ಲಾ ಕೇಳ್ಸಿತೋ ಇಲ್ಲೋ," ಅಂದೆ. "ಮೊದಲಿನ ದನಿ ಇನ್ನ ಬರೂದಿಲ್ಲಂತರಿ."

ಕಲ್ಲವ್ವ ತಾಟಿನಿಂದ ತಲೆ ಎತ್ತಿದರು.

"ಬ್ಯಾಡ ಬಿಡವಾ, ಬರೂದ ಬ್ಯಾಡ," ಅಂದರು. "ಆ ದನಿ ಗ್ವಾಡಿ ಆಚೆ ಕುಂತ್ರೂ ಕೇಳತಿತ್ತು. ಈ ದನಿ ಕೇಳಬೇಕಂದ್ರ ಒಳಗ ಬರಬೇಕು."